ಲೋಪಸಂಧಿ

ನನಗೆ ನಾಚಿಕೆ ಮುಖಕ್ಕೆ ಬರುವುದಿಲ್ಲ, ಕಿವಿಗೆ ಬರುತ್ತದೆ. ಮೊದಲು ಎಡಗಿವಿಯ ತುದಿ ಬಿಸಿಯಾಗುತ್ತದೆ, ಆಮೇಲೆ ಬಲಗಿವಿ. ಚರ್ಚಿನ ಸಭಾಪಾಲಕನಾಗಿ ಹದಿನೆಂಟು ವರ್ಷವಾಯಿತು. ಮದುವೆ ಮಾಡಿಸಿದ್ದೇನೆ, ಮಣ್ಣು ಮಾಡಿಸಿದ್ದೇನೆ, ಅಳುತ್ತಾ ಬಂದವರಿಗೆಲ್ಲ ದೇವರು ಕ್ಷಮಿಸುತ್ತಾನೆ ಎಂದು ಧೈರ್ಯ ಹೇಳಿ ಕಳಿಸಿದ್ದೇನೆ. ಆದರೂ ವರ್ಷಕ್ಕೊಮ್ಮೆ ಗರಿಗಳ ಭಾನುವಾರ ಬಂದು, ಕತ್ತೆಯೇರಿ ಪಟ್ಟಣಕ್ಕೆ ಬಂದ ಕರ್ತನನ್ನು ನೆನೆದು ಮಕ್ಕಳು ಗರಿ ಅಲ್ಲಾಡಿಸುತ್ತಾ 'ಹೊಸನ್ನ, ಹೊಸನ್ನ' ಎಂದು ಹಾಡುವಾಗ ನನ್ನ ಎಡಗಿವಿ ಕೆಂಡವಾಗುತ್ತದೆ. ಸಭೆಯವರು ಅದನ್ನು ಭಕ್ತಿ ಅಂದುಕೊಂಡಿದ್ದಾರೆ. ನಾನೂ ತಿದ್ದಲು ಹೋಗಿಲ್ಲ.

ನನ್ನನ್ನು ಸಾಕಿದವಳು ಚಿಕ್ಕಮ್ಮ. ಅಮ್ಮ ತೀರಿಕೊಂಡಾಗ ನನಗೆ ಆರು ವರ್ಷ. ಅಪ್ಪನಿಗೆ ಇನ್ನೊಂದು ಸಂಸಾರ ಹೂಡುವ ಅವಸರ. ಒಂದು ಭಾನುವಾರ ನನ್ನನ್ನೂ ಒಂದು ತಗಡಿನ ಪೆಟ್ಟಿಗೆಯನ್ನೂ ಚಿಕ್ಕಮ್ಮನ ಕೋಣೆಯ ಬಾಗಿಲಲ್ಲಿ ಬಿಟ್ಟು, 'ಗಾಡಿ ಕಾಯ್ತಿದೆ' ಎಂದು ಮೆಟ್ಟಿಲಿಳಿದವನು ಇವತ್ತಿಗೂ ಆ ಗಾಡಿಯಿಂದ ಇಳಿದಿಲ್ಲ. ಬಾಗಿಲು ತೆರೆದಿತ್ತು. ಹೊಸ್ತಿಲ ಮೇಲೆ, ಅಂಚು ನೆಗ್ಗಿದ ಒಂದು ಸ್ಟೀಲ್ ತಟ್ಟೆಯಲ್ಲಿ ಅನ್ನ ಹಬೆಯಾಡುತ್ತಿತ್ತು. ನಾನು ಒಳಗೂ ಹೋಗದೆ ಹೊರಗೂ ಹೋಗದೆ ತಟ್ಟೆಯನ್ನೇ ನೋಡುತ್ತಾ ನಿಂತಿದ್ದೆ.

ಅದು ಗರಿಗಳ ಭಾನುವಾರ ಎಂಬುದು ನನಗೆ ಗೊತ್ತಿರಲಿಲ್ಲ. ಚಿಕ್ಕಮ್ಮ ಬೆಳಗಿನ ಆರಾಧನೆ ಮುಗಿಸಿ, ಓಡಿ ಬಂದು, ಅನ್ನಕ್ಕಿಟ್ಟು ಬಸಿದು ಅಲ್ಲಿಟ್ಟಿದ್ದಳು. ಯಾಕೆಂದರೆ ಅವಳ ಕಿವಿಗೆ ಆ ಪದ ಬಿದ್ದದ್ದೇ ಹಾಗೆ. ಹೊಸನ್ನ ಅಲ್ಲ, ಹೊಸ ಅನ್ನ. ಅದನ್ನು ಅವಳು ನನಗೆ ಬಿಡಿಸಿ ಹೇಳಿದ್ದು ಇನ್ನೂ ನೆನಪಿದೆ.

"ಬೆಳಿಗ್ಗೆಯಿಂದ ಬಿಸಿಲಲ್ಲಿ ಕತ್ತೆ ಮೇಲೆ ಕೂತ್ಕೊಂಡು ಬಂದಿದ್ದಾನೆ. ಹೊಟ್ಟೆ ಹಸಿದಿರಲ್ವಾ? ಅದಕ್ಕೇ ಜನ ಎಲ್ಲ ಸೇರಿ ಹೊಸ ಅನ್ನ, ಹೊಸ ಅನ್ನ ಅಂತ ಕೂಗಿದ್ರು. ನೆನ್ನೇದು ತಂದು ಬಡಿಸ್ಬೇಡಿ, ಬಿಸಿಬಿಸಿ ಮಾಡಿ ಹಾಕಿ ಅಂತ."

ಕೂಗಿದವರಲ್ಲಿ ಒಬ್ಬರಾದರೂ ಅನ್ನಕ್ಕಿಟ್ಟರೋ ಇಲ್ಲವೋ ಎಂಬುದು ಅವಳ ಚಿಂತೆ. ಅದಕ್ಕೆ ತನ್ನ ಪಾಲಿನದನ್ನು ತಾನು ಮಾಡಿ ಇಡುತ್ತಿದ್ದಳು. ಆ ದಿನ ಗುಟುಕು ನೀರು ಕುಡಿಸಿ, ನನ್ನ ಪೆಟ್ಟಿಗೆಯನ್ನು ಮಂಚದ ಕೆಳಗೆ ತಳ್ಳಿ, ಹೊಸ್ತಿಲ ಮೇಲಿನ ತಟ್ಟೆಯನ್ನು ನನ್ನ ಮುಂದಿಟ್ಟಳು. "ಅವನು ಬರ್ಲಿಲ್ಲ. ನೀನು ಬಂದೆ. ತಿನ್ನು ಮರಿ" ಅಂದಳು.

ಅಲ್ಲಿಂದ ಮುಂದೆ ಹದಿನಾರು ವರ್ಷ, ಹದಿನಾರು ತಟ್ಟೆ. ಪ್ರತಿ ಸಲವೂ ತಟ್ಟೆ ಹೊಸ್ತಿಲ ಮೇಲೆ ಕೂರುತ್ತಿತ್ತು. ಹಬೆ ನಿಲ್ಲುವ ತನಕ ಇಬ್ಬರೂ ಕಾಯುತ್ತಿದ್ದೆವು. ಆಮೇಲೆ ಅವಳು ಮೆಟ್ಟಿಲ ಕಡೆ ಒಮ್ಮೆ ಇಣುಕಿ ನೋಡಿ, "ಅವನು ಬರ್ಲಿಲ್ಲ. ನೀನೇ ತಿನ್ನು" ಅನ್ನುತ್ತಿದ್ದಳು. ಅವಸರದ ಅಡುಗೆ, ಉಪ್ಪು ಯಾವಾಗಲೂ ಕಮ್ಮಿ. ನಾನು ಹೇಳುತ್ತಿರಲಿಲ್ಲ. ದೇವರ ಪಾಲಿನ ಊಟಕ್ಕೆ ಹೆಸರಿಡಬಾರದು ಎಂದು ನನಗೆ ನಾನೇ ಒಂದು ನಿಯಮ ಮಾಡಿಕೊಂಡಿದ್ದೆ.

ಇಪ್ಪತ್ತೆರಡಕ್ಕೆ ದೈವಶಾಸ್ತ್ರದ ಕಾಲೇಜು ಸೇರಿದೆ. ಅರ್ಜಿಯ ಫಾರಂ ತಂದುಕೊಟ್ಟವಳೂ ಅವಳೇ. ಅದಕ್ಕೆ ಒಂದು ವರ್ಷ ಮೊದಲು ಆಸ್ಪತ್ರೆಯ ಕ್ಯಾಂಟೀನು ಬಿಟ್ಟು ಅದೇ ಕಾಲೇಜಿನ ಅಡುಗೆಮನೆಗೆ ಸೇರಿದ್ದಳು. ನಾನು ಹಾಸ್ಟೆಲಿಗೆ ಹೊರಟ ದಿನ ಹೇಳಿದಳು: "ಅಲ್ಲಿ ನಾನು ಅಡುಗೆಯವಳು, ನೀನು ಓದೋ ಹುಡುಗ. ಚಿಕ್ಕಮ್ಮ ಗಿಕ್ಕಮ್ಮ ಅಂತ ಹಲ್ಲು ಕಿರಿದುಕೊಂಡು ಬರ್ಬೇಡ. ಇವನಿಗೆ ಎರಡು ಸೌಟು ಜಾಸ್ತಿ ಹಾಕ್ತಾಳೆ ಅಂತ ನಾಲ್ಕು ಜನ ಆಡ್ಕೋಬಾರ್ದು."

ಮಾತು ನ್ಯಾಯವಾಗಿಯೇ ಇತ್ತು. ಅನ್ಯಾಯ ಎಲ್ಲಿತ್ತೆಂದರೆ, ಅವಳು ಸಂಕೋಚದಿಂದ ಕೊಟ್ಟ ನೆಪ ನನಗೆ ಹೇಳಿ ಹೊಲಿಸಿದ ಅಂಗಿಯ ಹಾಗೆ ಕೂತುಬಿಟ್ಟಿತು. ಮೊದಲ ವರ್ಷ ಯಾರೂ ಇಲ್ಲದಾಗ ಅಡುಗೆಮನೆಗೆ ನುಗ್ಗಿ ಚಿಕ್ಕಮ್ಮ ಅನ್ನುತ್ತಿದ್ದೆ. ಎರಡನೆಯ ವರ್ಷ ಕಿಟಕಿಯಿಂದಲೇ ಮಾತು. ಮೂರನೆಯ ವರ್ಷಕ್ಕೆ ಎಲ್ಲರ ಹಾಗೆ ನಾನೂ 'ಅಡುಗೆ ಅಮ್ಮ' ಅನ್ನಲು ಶುರುಮಾಡಿದೆ. ನನ್ನ ಜೊತೆಯವರಲ್ಲಿ ಒಬ್ಬನ ತಂದೆ ವಕೀಲ, ಇನ್ನೊಬ್ಬನ ತಾತ ದೊಡ್ಡ ಪಾದ್ರಿ. ಮನೆಯಲ್ಲಿ ಯಾರಿದ್ದಾರೆ ಎಂದು ಕೇಳಿದರೆ ನಾನು 'ದೂರದ ನೆಂಟರು' ಅನ್ನುತ್ತಿದ್ದೆ. ಆ ದೂರದ ನೆಂಟಳು ಅಲ್ಲೇ ಹತ್ತು ಮಾರು ಆಚೆ, ನೂರು ಜನರ ಪಾತ್ರೆಯ ತಳ ಕೆರೆಯುತ್ತಾ ಹಾಡಿಕೊಳ್ಳುತ್ತಿದ್ದಳು.

ಕಾಲೇಜಿನಲ್ಲಿ ಮೂಲಭಾಷೆಗಳನ್ನು ಕಲಿಸುತ್ತಿದ್ದವರನ್ನು ನಾವು 'ಧಾತು ಮೇಷ್ಟ್ರು' ಅನ್ನುತ್ತಿದ್ದೆವು. ಯಾವ ಪದ ಎತ್ತಿದರೂ "ಧಾತು ಏನು?" ಎಂದು ಕೇಳುವುದು ಅವರ ಚಾಳಿ. ಕೆಮ್ಮು ಬಂದಿದೆ ಎಂದು ರಜೆ ಕೇಳಿದರೂ ಕೆಮ್ಮಿನ ಧಾತು ಹೇಳದೆ ಬಿಡುತ್ತಿರಲಿಲ್ಲ. ಒಂದು ದಿನ ಅವರು ಹಲಗೆಯ ಮೇಲೆ 'ಹೊಸನ್ನ' ಎಂದು ಬರೆದರು. ಅದು ಎರಡು ಪದ ಕೂಡಿ ಆದದ್ದು ಎಂದರು. ಒಂದು 'ಕಾಪಾಡು', ಇನ್ನೊಂದು 'ದಯಮಾಡಿ'. ಮುಳುಗುತ್ತಿರುವವರ ಕೂಗು ಅದು, ಬಳಸಿ ಬಳಸಿ ಜಯಕಾರವಾಯಿತು ಎಂದರು. ಎಲ್ಲರೂ ಬರೆದುಕೊಂಡರು. ನಾನು ಮಾತ್ರ ಬಾಯಿಗೆ ಕೈ ಅಡ್ಡ ಹಿಡಿದು ನಕ್ಕೆ. ಅವಳ ಹೊಸ್ತಿಲು, ಅವಳ ತಟ್ಟೆ, ಅವಳ ಕಾಯುವಿಕೆ ಎಲ್ಲ ನೆನಪಾಗಿ ನಗು ಬಂತು. ಆ ನಗುವಿಗೆ ಧಾತು ಏನೆಂದು ಆಗ ಯಾರೂ ಕೇಳಲಿಲ್ಲ.

ಕೊನೆಯ ವರ್ಷದ ಪ್ರಬಂಧಕ್ಕೆ ವಿಷಯ ಸಿಕ್ಕಿತು. ಪವಿತ್ರ ಗ್ರಂಥದ ಪರಭಾಷೆಯ ಪದಗಳು ಓದುಬರಹವಿಲ್ಲದವರ ಬಾಯಲ್ಲಿ ಏನಾಗುತ್ತವೆ ಎಂಬುದು. ಅದರ ಮುಕುಟಮಣಿಯಾಗಿ ಒಂದು ಪ್ಯಾರಾ ಬರೆದೆ: "ಅನಕ್ಷರಸ್ಥ ಅಡುಗೆಯವಳೊಬ್ಬಳು ಈ ಪದವನ್ನು ಹೊಸ ಅನ್ನ ಎಂದು ಬಿಡಿಸಿಕೊಂಡು, ಪ್ರತಿ ವರ್ಷ ಹೊಸ್ತಿಲ ಮೇಲೆ ದೇವರಿಗೆ ಒಂದು ತಟ್ಟೆ ಅನ್ನ ಇಡುತ್ತಾಳೆ. ನಮ್ಮ ವ್ಯಾಕರಣದ ಪ್ರಕಾರ ಅವಳದು ಶುದ್ಧ ಲೋಪಸಂಧಿ. ದೈವಶಾಸ್ತ್ರದ ಪ್ರಕಾರ ಶುದ್ಧ ಲೋಪ." ಇದನ್ನು ಬರೆದ ದಿನ ನನ್ನ ಬುದ್ಧಿವಂತಿಕೆಗೆ ನಾನೇ ಬೆನ್ನು ತಟ್ಟಿಕೊಂಡೆ. ಉಂಡ ಮನೆಗೆ ಎರಡು ಬಗೆಯುವವನಿಗೆ ಅಕ್ಷರ ಇಷ್ಟು ದುಂಡಗೆ ಬರುತ್ತದೆ ಎಂದು ಗೊತ್ತಿರಲಿಲ್ಲ.

ಮೌಖಿಕ ಪರೀಕ್ಷೆ ಗ್ರಂಥಾಲಯದ ಉದ್ದ ಮೇಜಿನಲ್ಲಿ ನಡೆಯಿತು. ಧಾತು ಮೇಷ್ಟ್ರು ಒಂದು ಕಡೆ. ಹೊರಗಿನಿಂದ ಬಂದ ಪರೀಕ್ಷಕಿ ಇನ್ನೊಂದು ಕಡೆ. ವಯಸ್ಸಾದ ಹೆಂಗಸು, ದಪ್ಪ ಕನ್ನಡಕ, ಮಾತು ಮೆತ್ತಗೆ. ಇಪ್ಪತ್ತು ನಿಮಿಷ ನನ್ನನ್ನು ಅರೆದ ಮೇಲೆ ಅವರು ಹಾಳೆ ತಿರುಗಿಸಿ, "ಈ ಪ್ಯಾರಾ ಒಂದ್ಸಲ ಗಟ್ಟಿಯಾಗಿ ಓದಿ. ನನಗೆ ಬಹಳ ಇಷ್ಟ ಆಯ್ತು" ಅಂದರು.

ನಾನು ಓದತೊಡಗಿದೆ. 'ಅನಕ್ಷರಸ್ಥ ಅಡುಗೆಯವಳೊಬ್ಬಳು' ಎನ್ನುವಷ್ಟರಲ್ಲಿ ಬಾಗಿಲು ತೆರೆಯಿತು. ಟ್ರೇಯಲ್ಲಿ ಮೂರು ಕಪ್ ಟೀ ಹಿಡಿದು ಚಿಕ್ಕಮ್ಮ ಒಳಗೆ ಬಂದಳು. ನಿಲ್ಲಿಸಬಹುದಿತ್ತು. ಗಂಟಲು ಕಟ್ಟಿತು ಅನ್ನಬಹುದಿತ್ತು. ನಾನು ಲೋಪದ ತನಕವೂ ಓದಿದೆ. ಧಾತು ಮೇಷ್ಟ್ರು ನಕ್ಕರು. ಪರೀಕ್ಷಕಿ ನಗಲಿಲ್ಲ.

"ಒಂದು ಸಣ್ಣ ಪ್ರಶ್ನೆ" ಅಂದರು ಅವರು. "ದೇವರು ಬಂದು ಊಟ ಮಾಡ್ಲಿಲ್ಲ, ಸರಿ. ಹಾಗಾದ್ರೆ ಆ ತಟ್ಟೇಲಿದ್ದ ಅನ್ನ ಯಾರು ತಿಂತಿದ್ರು?"

ಮೇಜಿನ ಮೇಲೆ ಕಪ್ಪು ಸಾಸರಿಗೆ ತಾಗಿದ ಸದ್ದು. ಅವಳ ಕೈ ನನಗೆ ಕಾಣುತ್ತಿತ್ತು, ಹೆಬ್ಬೆರಳಿನ ಹಳೆಯ ಸುಟ್ಟ ಕಲೆಯ ಸಮೇತ. ಒಂದು ಪದ ಸಾಕಿತ್ತು. 'ನಾನು' ಎಂಬುದಕ್ಕೆ ಧಾತುವೂ ಬೇಡ, ಸಂಧಿಯೂ ಬೇಡ.

"ಗೊತ್ತಿಲ್ಲ ಮೇಡಂ" ಅಂದೆ. ಅಷ್ಟಕ್ಕೇ ನಿಲ್ಲಿಸಿದ್ದರೂ ಒಂದು ಮಟ್ಟಕ್ಕೆ ಮನುಷ್ಯನಾಗಿ ಉಳಿಯುತ್ತಿದ್ದೆನೇನೋ. "ಆಮೇಲೆ ಚೆಲ್ತಿದ್ರು ಅನ್ಸುತ್ತೆ" ಎಂದು ಸೇರಿಸಿದೆ.

ಚಿಕ್ಕಮ್ಮ ಮೂರನೆಯ ಕಪ್ಪನ್ನು ನನ್ನ ಮುಂದಿಟ್ಟಳು. "ತಗೊಳ್ಳಿ ಸಾರ್" ಅಂದಳು.

ಹುಟ್ಟಿದ ಮೇಲೆ ಅವಳು ನನ್ನನ್ನು ಬಹುವಚನದಲ್ಲಿ ಕರೆದದ್ದು ಅದೇ ಮೊದಲು. ಕೋಪದಲ್ಲಿ ಅಲ್ಲ, ಕುಹಕದಲ್ಲಿ ಅಲ್ಲ. ನನ್ನ ಸುಳ್ಳು ಬಯಲಾಗದ ಹಾಗೆ ಅದಕ್ಕೊಂದು ಆಸರೆ ಕೊಟ್ಟಳು, ಅಷ್ಟೇ. ಅವರಿಬ್ಬರು ಬೋಗುಣಿಯಿಂದ ಸಕ್ಕರೆ ಹಾಕಿಕೊಂಡರು. ನನ್ನ ಕಪ್ಪಿಗೆ ಮಾತ್ರ ಆಗಲೇ ಮೂರು ಚಮಚ ಬಿದ್ದಿತ್ತು. ಎರಡೂ ಕಿವಿ ಉರಿಯುತ್ತಿರಲು ನಾನು ಆ ಟೀ ಕುಡಿದೆ.

ಪ್ರಬಂಧಕ್ಕೆ ಮೊದಲ ಸ್ಥಾನ ಬಂತು. ಕಾಲೇಜಿನ ಪತ್ರಿಕೆಯಲ್ಲಿ ಹಾಕಬೇಕು, ಅದರಲ್ಲೂ ಆ ಪ್ಯಾರಾ ಬಿಡಲೇಬಾರದು ಎಂದು ಪರೀಕ್ಷಕಿ ಬರೆದು ಹೋಗಿದ್ದರು. ಧಾತು ಮೇಷ್ಟ್ರೇ ಅದರ ಸಂಪಾದಕರು. ಜೊತೆಯವರು ನನ್ನನ್ನು ಹೊತ್ತು ಕುಣಿದರು. ಅಡುಗೆಮನೆಯಲ್ಲಿ ಹಾಡು ನಿಂತುಹೋಗಿತ್ತು. ಅದನ್ನು ಗಮನಿಸಿದವನು ನಾನೊಬ್ಬನೇ.

ನಾಲ್ಕನೆಯ ದಿನ, ಮಧ್ಯಾಹ್ನದ ಪಾತ್ರೆಗಳು ಮುಗಿದ ಹೊತ್ತಿಗೆ, ಯಾರೂ ಇಲ್ಲದ್ದು ನೋಡಿ ಒಳಗೆ ಹೋದೆ. ಧೈರ್ಯ ಮಾಡಿದಾಗಲೂ ಕಳ್ಳನ ಹಾಗೆ ಆಚೀಚೆ ನೋಡಿಯೇ ಹೋದವನು ನಾನು.

"ಚಿಕ್ಕಮ್ಮ" ಅಂದೆ.

"ಊಟ ಆಯ್ತಾ ಸಾರ್? ಏನಾದ್ರೂ ಬೇಕಿತ್ತಾ?"

"ಇಲ್ಲಿ ಯಾರೂ ಇಲ್ಲ ಚಿಕ್ಕಮ್ಮ."

"ಇಲ್ಲದಿದ್ರೇನು? ಅಭ್ಯಾಸ ಆಗ್ಬೇಕಲ್ಲ." ಒರೆಸುತ್ತಿದ್ದ ಬಟ್ಟೆಯನ್ನು ಮಡಚಿದಳು, ಬಿಚ್ಚಿದಳು, ಮತ್ತೆ ಮಡಚಿದಳು. "ಒಂದು ವಿಷಯ ಕೇಳ್ಬೇಕಿತ್ತು. ಆ ಪದ ಸರಿಯಾಗಿ ಹೇಗೆ ಹೇಳೋದು, ಹೇಳ್ಕೊಡಿ. ಮುಂದಿನ ಭಾನುವಾರ ಹಾಡ್ಬೇಕಲ್ಲ. ಇಷ್ಟು ವರ್ಷ ತಪ್ಪು ಕೂಗಿದೀನಿ. ಪಾಪ, ಅವನೂ ಕೇಳ್ಕೊಂಡು ಸುಮ್ನಿದ್ದ."

ಅವಳು ಬೈಯುತ್ತಾಳೆ ಎಂದು ಸಿದ್ಧವಾಗಿ ಹೋಗಿದ್ದೆ. ಸೌಟು ತೆಗೆದುಕೊಂಡು ಹೊಡೆದರೂ ಹೊಡೆಸಿಕೊಳ್ಳಬೇಕು ಎಂದುಕೊಂಡಿದ್ದೆ. ಅವಳು ನಾಚಿಕೊಳ್ಳುತ್ತಾಳೆ ಎಂದು ಎಣಿಸಿರಲಿಲ್ಲ. ನನ್ನ ನಾಚಿಕೆಯನ್ನು ಅವಳ ತಲೆಗೆ ಕಟ್ಟಿ ನಾನು ಮೊದಲ ಸ್ಥಾನ ಪಡೆದಿದ್ದೆ.

"ಹೊಸನ್ನ" ಎಂದು ಹೇಳಿಕೊಟ್ಟೆ.

"ಹೊಸ... ನ್ನ. ನಡುವೆ 'ಅ' ಬರಬಾರ್ದು ಅಲ್ವಾ?"

"ಬರಬಾರ್ದು."

"ಹೊಸನ್ನ. ಹೊಸನ್ನ." ಪರೀಕ್ಷೆಗೆ ಕೂತ ಮಗುವಿನ ಹಾಗೆ ನಾಲ್ಕು ಸಲ ಹೇಳಿ, "ಸರಿ ಸಾರ್" ಎಂದು ಒಲೆ ಕಟ್ಟೆ ತೊಳೆಯಲು ತಿರುಗಿದಳು. ಭೂಮಿ ಬಾಯಿ ಬಿಡಬಾರದೇ ಅನ್ನಿಸಿತು. ಅಡುಗೆಮನೆಯ ನೆಲ ಗಟ್ಟಿ ಸಿಮೆಂಟಿನದು.

ಶನಿವಾರ ಪತ್ರಿಕೆಯ ಕರಡು ತಿದ್ದಲು ನನ್ನ ಕೈಗೆ ಬಂತು. ಅಚ್ಚಿನಲ್ಲಿ 'ಅನಕ್ಷರಸ್ಥ' ಎಂಬುದು 'ಅಕ್ಷರಸ್ಥ' ಎಂದಾಗಿತ್ತು. ಒಂದು 'ನ' ಬಿಟ್ಟುಹೋಗಿತ್ತು. ತಿದ್ದಲು ಪೆನ್ನು ಎತ್ತಿದವನಿಗೆ ಆ 'ನ' ಬರೆಯಲು ಕೈ ಬರಲಿಲ್ಲ. ಹಾಳೆ ಹಿಡಿದು ನೇರ ಧಾತು ಮೇಷ್ಟ್ರ ಕೋಣೆಗೆ ಹೋದೆ. ನಿಂತುಕೊಂಡೇ ಎಲ್ಲ ಹೇಳಿದೆ. ಅವಳು ಯಾರು, ಅನ್ನ ತಿಂದವನು ಯಾರು, ಅವತ್ತು ಟೀ ತಂದವಳು ಯಾರು.

ಅವರು ಬಹಳ ಹೊತ್ತು ಕನ್ನಡಕ ಒರೆಸಿದರು. "ನೀನು ಹೇಳಿದ ಸುಳ್ಳಿಗೆ ಧಾತು ಏನು?" ಎಂದು ಕೇಳಿದರು.

"ನಾಚಿಕೆ ಸಾರ್."

"ಯಾರ ಬಗ್ಗೆ?"

ನಾನು ಕೈಯಲ್ಲಿದ್ದ ಹಾಳೆಯನ್ನು ಅವರ ಮೇಜಿನ ಮೇಲಿಟ್ಟೆ. ಅವರೇ ಮುಂದುವರಿಸಿದರು. "ಸಣ್ಣ ಕ್ಲಾಸಿನ ವ್ಯಾಕರಣ ಕೇಳ್ತೀನಿ. ಎರಡು ಸ್ವರ ಎದುರಾದಾಗ ಮೊದಲನೇದು ಲೋಪ ಆಗೋದು ಯಾವಾಗ?"

"ಅರ್ಥ ಕೆಡದೆ ಇದ್ರೆ ಮಾತ್ರ."

"ಆಯಮ್ಮ ಒಂದು 'ಅ' ಸೇರಿಸಿದ್ರು, ಅರ್ಥ ಕೆಡಲಿಲ್ಲ. ನೀನು ಒಬ್ಬ ಹುಡುಗನನ್ನೇ ಲೋಪ ಮಾಡಿದೆ." ಹಾಳೆಯನ್ನು ನನ್ನ ಕಡೆ ಸರಿಸಿದರು. "ನಾನೂ ನಕ್ಕಿದ್ದೆ ಅವತ್ತು. ಅದೂ ಇರಲಿ. ನೀನು ಬರೆಯೋದನ್ನ ಬರಿ, ಹಾಗೇ ಅಚ್ಚು ಹಾಕ್ತೀನಿ. ಪರೀಕ್ಷಕರಿಗೂ ಕಾಗದ ಬರಿ. ಆದ್ರೆ ಪರೀಕ್ಷೆಯಲ್ಲಿ ಸುಳ್ಳು ಹೇಳಿದವನನ್ನ ಈ ವರ್ಷ ಸಭಾಪಾಲಕ ಅಂತ ಕಳಿಸೋಕೆ ನನ್ನಿಂದ ಆಗಲ್ಲಪ್ಪ. ಇನ್ನೊಂದು ವರ್ಷ ಇಲ್ಲೇ ಇರು."

ಗರಿಗಳ ಭಾನುವಾರ ಬೆಳಿಗ್ಗೆ ಪ್ರಾರ್ಥನಾಲಯದ ಕೊನೆಯ ಬೆಂಚಿನಲ್ಲಿ ಅವಳು ನಿಂತಿದ್ದಳು. ಎಲ್ಲರೂ ಹಾಡುವಾಗ ಅವಳ ತುಟಿ ಮಾತ್ರ ಅಲ್ಲಾಡುತ್ತಿತ್ತು. ತಪ್ಪಿ 'ಅ' ಬಂದೀತು ಎಂಬ ಹೆದರಿಕೆ.

ಮಧ್ಯಾಹ್ನ ಅವಳ ಕೋಣೆಗೆ ಹೋದೆ. ಕೆಳಗೆ ಟೈರ್ ಅಂಗಡಿ, ಮೇಲೆ ಮೂರು ಅಂತಸ್ತು, ಮೆಟ್ಟಿಲಲ್ಲಿ ಸುಟ್ಟ ರಬ್ಬರಿನ ವಾಸನೆ. ಬಾಗಿಲು ತೆರೆದಿತ್ತು. ಹೊಸ್ತಿಲು ಖಾಲಿ ಇತ್ತು. ಆರು ವರ್ಷದವನು ನಿಂತ ಹಾಗೆಯೇ ಒಳಗೂ ಹೋಗದೆ ಹೊರಗೂ ಹೋಗದೆ ನಿಂತೆ.

"ಬನ್ನಿ ಸಾರ್, ಕೂತ್ಕೊಳ್ಳಿ" ಅಂದಳು. ಮಂಚದ ಮೇಲಿದ್ದ ಬಟ್ಟೆ ಸರಿಸಿದಳು.

ನಾನು ನೆಲದ ಮೇಲೆ ಕೂತೆ. ಪೀಠಿಕೆ ಹಾಕಲಿಲ್ಲ. ಕರಡಿನ ಹಾಳೆ ತೆಗೆದು ಮೊದಲು ಹಳೆಯ ಪ್ಯಾರಾ ಓದಿದೆ, ಆಮೇಲೆ ಅಂಚಿನಲ್ಲಿ ಕೈಯಲ್ಲಿ ಬರೆದದ್ದನ್ನು ಓದಿದೆ: "ಹಾಗೆ ತಟ್ಟೆ ಇಡುವವರು ಈ ಲೇಖಕನ ಚಿಕ್ಕಮ್ಮ. ದೇವರ ಪಾಲಿನ ಆ ಅನ್ನವನ್ನು ಯಾರೂ ಚೆಲ್ಲಲಿಲ್ಲ. ಹದಿನಾರು ವರ್ಷ ಅದನ್ನು ತಿಂದು ಬೆಳೆದವನು ಈ ಲೇಖಕ. ಪರೀಕ್ಷೆಯಲ್ಲಿ ಕೇಳಿದಾಗ ಅವನು ಗೊತ್ತಿಲ್ಲ ಎಂದು ಸುಳ್ಳು ಹೇಳಿದ." ಒಂದು ವರ್ಷ ಉಳಿಯಬೇಕಾಗಿ ಬಂದದ್ದನ್ನೂ ಹೇಳಿದೆ.

ಅವಳು ಗೋಡೆಗೆ ಒರಗಿ ಕೇಳುತ್ತಿದ್ದಳು. ಕೊನೆಗೆ, "ಆ ಮೊದಲನೇ ಪದ ಏನದು? ಅನ... ಏನೋ?" ಎಂದು ಕೇಳಿದಳು.

"ಅನಕ್ಷರಸ್ಥ. ಓದು ಬರಹ ಬರದವರು ಅಂತ."

ಚಿಕ್ಕಮ್ಮ ನೆಟ್ಟಗೆ ಕೂತಳು. "ಯಾರಿಗೋ ಬರಲ್ಲ? ಬಸ್ಸಿನ ಬೋರ್ಡು ಓದಲ್ವಾ ನಾನು? ಸಾಮಾನಿನ ಚೀಟಿ ಯಾರು ಬರೀತಾರೆ, ನಿಮ್ಮಪ್ಪನಾ? ನಿನ್ನ ಅರ್ಜಿ ಫಾರಂಗೆ ಮೂರು ಕಡೆ ಸಹಿ ಹಾಕಿದ್ದು ಯಾರು? ಅಷ್ಟು ದೊಡ್ಡ ಕಾಲೇಜಲ್ಲಿ ಓದಿ, ಒಂದು ಮಾತು ನನ್ನ ಕೇಳಿ ಬರೆಯೋಕೆ ಆಗ್ಲಿಲ್ವೇನೋ ನಿನಗೆ? ಚೆಲ್ತಿದ್ರಂತೆ! ಒಂದು ಅಗುಳು ಚೆಲ್ಲಿದೀನೇನೋ ನಾನು? ನಾಚಿಕೆ ಆಗಲ್ವಾ?"

"ಆಗುತ್ತೆ ಚಿಕ್ಕಮ್ಮ."

"ಆಗ್ಲಿ! ಚೆನ್ನಾಗಿ ಆಗ್ಲಿ!"

ಮಾತು ಏಕವಚನಕ್ಕೆ ಇಳಿದದ್ದು ಅವಳಿಗೇ ಗೊತ್ತಾಗಲಿಲ್ಲ. ನಾನು ತಲೆ ತಗ್ಗಿಸಿ ಒಂದೊಂದು ಬೈಗುಳವನ್ನೂ ಕೇಳಿಸಿಕೊಂಡೆ. ಕಣ್ಣಲ್ಲಿ ನೀರು ಬರುತ್ತಿತ್ತು, ಒರೆಸಲು ನಾಚಿಕೆಯಾಗಿ ಹಾಗೇ ಬಿಟ್ಟೆ. ಅವಳು ಬೈಯುತ್ತಲೇ ಎದ್ದಳು, ಬೈಯುತ್ತಲೇ ಅಕ್ಕಿ ತೊಳೆದಳು, ಕುದಿ ಬರುವ ತನಕವೂ ಬೈದಳು. ಗಂಜಿ ಬಸಿಯುವಾಗ ಮಾತ್ರ ಸುಮ್ಮನಾದಳು, ಕೈ ಸುಟ್ಟೀತೆಂದು.

ನೆಗ್ಗಿದ ತಟ್ಟೆಗೆ ಹೊಸ ಅನ್ನ ಹಾಕಿದಳು. ನಾನು ಕೈ ತೊಳೆದು ಬಂದೆ. ಅವಳು ತಟ್ಟೆಯನ್ನು ತೆಗೆದುಕೊಂಡು ಹೋಗಿ ಹೊಸ್ತಿಲ ಮೇಲಿಟ್ಟಳು. ನನ್ನ ಮುಂದೆ ಇನ್ನೊಂದು ತಟ್ಟೆ ಬಂತು, ಅದರಲ್ಲಿ ನೆನ್ನೆಯ ಅನ್ನ, ಮುದ್ದೆಮುದ್ದೆಯಾಗಿ.

"ಅದು ಅವನಿಗೆ. ನಿನಗೆ ಇದು" ಅಂದಳು.

ತಿಂದೆ. ತಣ್ಣಗಿತ್ತು. ಒಂದು ಅಗುಳೂ ಬಿಡಲಿಲ್ಲ. ಹೊಸ್ತಿಲ ಮೇಲೆ ಹಬೆ ಸಣ್ಣಗಾಗುತ್ತಾ ಬಂತು. ಕೆಳಗೆ ಯಾರೋ ಟೈರಿಗೆ ಗಾಳಿ ತುಂಬುತ್ತಿದ್ದರು. ಇಬ್ಬರೂ ಮೊದಲಿನ ಹಾಗೆ ಕಾದೆವು. ಹಬೆ ನಿಂತಿತು. ಅವಳು ಎದ್ದು ಹೋಗಿ ಮೆಟ್ಟಿಲ ಕಡೆ ಇಣುಕಿದಳು.

"ಅವನು ಬರ್ಲಿಲ್ಲ" ಅಂದಳು.

ನಾನು ತಲೆ ಎತ್ತಿದೆ. ಎತ್ತಿದ ಮೇಲೆ ನಾಚಿಕೆಯಾಯಿತು.

ಅವಳು ತಟ್ಟೆ ತಂದು ನನ್ನ ಎದುರಿಗೆ ಕೂತು ತನ್ನ ಮಡಿಲಲ್ಲಿಟ್ಟುಕೊಂಡಳು. "ಇವತ್ತು ನಾನೇ ತಿಂತೀನಿ" ಅಂದಳು. ಮೊದಲ ತುತ್ತು ಬಾಯಿಗಿಟ್ಟವಳು ಅಗಿಯುವುದನ್ನು ನಿಲ್ಲಿಸಿ ನನ್ನ ಮುಖ ನೋಡಿದಳು.

"ಉಪ್ಪೇ ಇಲ್ಲವಲ್ಲೋ ಇದಕ್ಕೆ. ಇಷ್ಟು ವರ್ಷ ತಿಂದೆ, ಒಂದು ದಿನ ಬಾಯಿ ಬಿಟ್ಟು ಹೇಳ್ಲಿಲ್ವಲ್ಲ ನೀನು?"

ನಾನು ಎದ್ದು ಉಪ್ಪಿನ ಡಬ್ಬಿ ತಂದು ಅವಳ ಪಕ್ಕ ಇಟ್ಟೆ.